ಷಡ್ಡಕರ ಸಕ್ಕರೆ

ಸಕ್ಕರೆ ಕಣದಲ್ಲಿ ಅವನನ್ನು ಯಾರೂ ಹೆಸರು ಹಿಡಿದು ಕರೆಯುತ್ತಿರಲಿಲ್ಲ. ಕಹಳೆ ಅಂದರೆ ಸಾಕಿತ್ತು. ಆ ಕಣ ಮೆಟ್ಟಿಲು ಮೆಟ್ಟಿಲಾಗಿ ಕೆಳಗಿಳಿಯುವ ಎಂಟು ಮೂಲೆಯ ಮರದ ಗುಂಡಿ. ಅದರೊಳಗೆ ಭುಜಕ್ಕೆ ಭುಜ ಒತ್ತಿ ನಿಂತ ದಲ್ಲಾಳಿಗಳೆಲ್ಲ ಒಟ್ಟಿಗೆ ಕಿರುಚಿದರೂ ಇವನ ದನಿ ಅವರ ದನಿಗಿಂತ ಒಂದು ಗೇಣು ಮೇಲೆಯೇ ತೇಲುತ್ತಿತ್ತು. ಗೋಡೆಯ ಕಪ್ಪು ಹಲಗೆಯ ಮುಂದೆ ಏಣಿ ಹತ್ತಿ ಬೆಲೆ ಬರೆಯುತ್ತಿದ್ದ ಹಲಗೆಯವನು ಎಷ್ಟೋ ಸಲ ತಿರುಗಿಯೂ ನೋಡದೆ, ಬರೀ ಕಹಳೆಯ ದನಿ ಕೇಳಿ ಹಳೆಯ ಅಂಕಿ ಅಳಿಸಿ ಹೊಸದು ಬರೆಯುತ್ತಿದ್ದ.

ಎದುರಿನ ಮೆಟ್ಟಿಲಲ್ಲಿ ನಿಲ್ಲುತ್ತಿದ್ದವನು ಅವನ ಷಡ್ಡಕ, ಹೆಂಡತಿಯ ತಂಗಿಯ ಗಂಡ. ಕಣ ಅವನಿಗಿಟ್ಟ ಹೆಸರು ಗೂಟ. ನಿಂತಲ್ಲಿಂದ ಕದಲುವವನಲ್ಲ, ಬಾಯಿ ಬಿಡುವವನೂ ಅಲ್ಲ. ಒಂದು ಬೆರಳು ಎತ್ತುವುದು, ಇಲ್ಲವೇ ತಲೆ ಆಡಿಸುವುದು. ಅಷ್ಟರಲ್ಲಿ ಅವನ ವ್ಯಾಪಾರ ಮುಗಿದಿರುತ್ತಿತ್ತು.

ಒಂದು ಕಾಲಕ್ಕೆ ಇಬ್ಬರದೂ ಒಂದೇ ಅಂಗಡಿ. ಒಬ್ಬನ ಬಾಯಿ, ಇನ್ನೊಬ್ಬನ ಬೆರಳು, ಬರುವ ಗಿರಾಕಿಗಳಿಗೆ ಬೇರೆ ಏನೂ ಬೇಕಿರಲಿಲ್ಲ. ಆಮೇಲೆ ಒಂದು ದಿನ ಗೂಟ ಗಿರಾಕಿಯ ಎದುರಿಗೇ, "ಇವನು ಕೂಗೋದು ವ್ಯಾಪಾರಕ್ಕಲ್ಲ, ತನ್ನ ದನಿ ತಾನೇ ಕೇಳಿ ಖುಷಿಪಡೋಕೆ" ಅಂದುಬಿಟ್ಟ. ಅಪರೂಪಕ್ಕೆ ಬಾಯಿ ಬಿಟ್ಟವನು ಅದನ್ನೇ ಆಡಬೇಕಿತ್ತೇ? ಕಹಳೆಯೂ ಸುಮ್ಮನಿರಲಿಲ್ಲ. ಮನೆಮಂದಿಯೆಲ್ಲ ಊಟಕ್ಕೆ ಕೂತಾಗ, "ಮಾತಾಡೋಕೆ ಬರದವರೆಲ್ಲ ಬುದ್ಧಿವಂತರ ಥರ ಓಡಾಡ್ತಾರೆ" ಅಂದ. ಮಾರನೇ ವಾರ ಅಂಗಡಿಯ ನಡುವೆ ಹಲಗೆಯ ಗೋಡೆ ಎದ್ದಿತು. ಅಂದಿನಿಂದ ಷಡ್ಡಕರ ನಡುವೆ ಉಳಿದದ್ದು ಕಣದೊಳಗಿನ ವ್ಯಾಪಾರವೊಂದೇ: ಇವನು ಕೂಗುವುದು, ಅವನು ತಲೆ ಆಡಿಸುವುದು. ಅಕ್ಕತಂಗಿಯರು ಮಾತ್ರ ಕದ್ದುಮುಚ್ಚಿ ಭೇಟಿಯಾಗುತ್ತಿದ್ದರು. ಗಂಡಂದಿರಿಗೆ ಅದು ಗೊತ್ತಿತ್ತು, ಗೊತ್ತಿಲ್ಲದವರ ಹಾಗೆ ಇರುತ್ತಿದ್ದರು.

ಕಹಳೆಯ ಮಗಳು ಕಣದ ಪಕ್ಕದ ಕಟಕಟೆಯ ಹಿಂದೆ ಟೆಲಿಫೋನು ನೋಡಿಕೊಳ್ಳುತ್ತಿದ್ದಳು. ಗಿರಾಕಿ ಫೋನಿನಲ್ಲಿ ಹೇಳಿದ್ದನ್ನು ಆ ಗದ್ದಲದಲ್ಲಿ ಕೂಗಿ ಹೇಳುವಂತಿರಲಿಲ್ಲ, ಕೈಯಲ್ಲೇ ಹೇಳಬೇಕು. ಅಂಗೈ ತನ್ನ ಕಡೆಗಿದ್ದರೆ ತಗೋ, ಆಚೆಗಿದ್ದರೆ ಮಾರು. ಎಷ್ಟು ಲಾಟು, ಅಂದರೆ ಮೂಟೆಗಳ ಎಷ್ಟು ಗುಂಪು, ಅನ್ನುವುದು ಬೆರಳಿನಲ್ಲಿ. ಅಪ್ಪ ಎಲ್ಲೇ ನಿಂತಿರಲಿ, ಅವಳ ಕೈ ಎದ್ದರೆ ಅವನ ಕಣ್ಣು ಅಲ್ಲಿರುತ್ತಿತ್ತು.

ಆ ದಿನ ಬೆಳಿಗ್ಗೆ ಕಣ ತೂಕಡಿಸುತ್ತಿತ್ತು. ಬಿಸ್ಕತ್ ಕಾರ್ಖಾನೆಯ ಒಡತಿ ಫೋನ್ ಮಾಡಿ, ವರ್ಷಪೂರ್ತಿ ಬೇಕಾಗುವ ಸಕ್ಕರೆಯನ್ನು ಇವತ್ತಿನ ಬೆಲೆಗೇ ಮಾತಾಡಿ ಇಡಬೇಕು ಅಂದಳು. ಗಟ್ಟಿ ಹೆಂಗಸು, ಒಂದು ಮಾತು ಹೆಚ್ಚಿಗೆ ಆಡುವವಳಲ್ಲ. ಮಗಳು ಕೈ ಎತ್ತಿದಳು. ಕಹಳೆ ಅಲ್ಲಿಷ್ಟು ಇಲ್ಲಿಷ್ಟು ಹೆಕ್ಕಿದ. ಅರ್ಧ ಆಯಿತು, ಇನ್ನರ್ಧಕ್ಕೆ ಮಾರುವವರು ಸಿಗಲಿಲ್ಲ. ಎದುರಿನ ಮೆಟ್ಟಿಲ ಕಡೆ ತಿರುಗಿ, ಯಾರನ್ನೂ ಉದ್ದೇಶಿಸದವನ ಹಾಗೆ, "ನೂರು ಲಾಟು! ಇದೇ ಬೆಲೆಗೆ ತಗೊಂಡೆ!" ಅಂತ ಕೂಗಿದ.

ಗೂಟ ಬೆಲೆಯ ಹಲಗೆ ನೋಡಿದ. ಆಮೇಲೆ ತಲೆ ಆಡಿಸಿದ.

ಮಗಳು ಅದನ್ನು ಕಣ್ಣಾರೆ ಕಂಡಳು. ಫೋನಿಗೆ ಬಾಯಿಟ್ಟು, "ಆಯ್ತು ಮೇಡಂ, ಪೂರ್ತಿ ಆಯ್ತು" ಅಂದಳು.

ಗೂಟ ಜೇಬಿನಿಂದ ಚೀಟಿಯ ಕಟ್ಟು ತೆಗೆಯುತ್ತಿದ್ದ. ಮಾರಿದವನು ಚೀಟಿ ಬರೆದು, ಗಂಟೆ ಹೊಡೆದು ಕಣ ನಡೆಸುವ ಗಂಟೆಯವರ ಪೆಟ್ಟಿಗೆಗೆ ಹಾಕಿದರೇನೇ ವ್ಯಾಪಾರ ಪಕ್ಕಾ. ಅಷ್ಟರಲ್ಲಿ ತಂತಿ ಕೋಣೆಯ ಬಾಗಿಲು ದಢಾರನೆ ತೆರೆಯಿತು. ತಂತಿಯವನು ಕೈಯಲ್ಲಿದ್ದ ಕಾಗದವನ್ನು ಹಲಗೆಗೆ ಅಂಟಿಸುವಷ್ಟೂ ತಾಳ್ಮೆಯಿಲ್ಲದೆ ಅಲ್ಲಿಂದಲೇ ಓದಿದ: ಬಂದರಿನ ಸಕ್ಕರೆ ಗೋದಾಮುಗಳಿಗೆ ಬೆಂಕಿ ಬಿದ್ದಿದೆ. ಇನ್ನೂ ಹತೋಟಿಗೆ ಬಂದಿಲ್ಲ.

ಮರುಗಳಿಗೆಗೆ ಮರದ ಮೆಟ್ಟಿಲುಗಳೆಲ್ಲ ಒಮ್ಮೆಲೇ ಕಿರುಗುಟ್ಟಿದವು. "ತಗೊಂಡೆ! ತಗೊಂಡೆ!" ಮಾರ್ತೀನಿ ಅನ್ನುವವನು ಒಬ್ಬನೂ ಇಲ್ಲ. ಒಬ್ಬನ ತೋಳು ಇನ್ನೊಬ್ಬನ ಮೂಗಿಗೆ ಬಡಿಯಿತು, ಯಾರದೋ ಕನ್ನಡಕ ಕಾಲಡಿಗೆ ಹೋಯಿತು. ಹಲಗೆಯವನು ಬರೆದ ಅಂಕಿ ಒಣಗುವ ಮೊದಲೇ ಅಳಿಸಬೇಕಾಗಿ ಬಂದು, ಕೊನೆಗೆ ಒದ್ದೆ ಬಟ್ಟೆ ಬಿಸಾಕಿ ಅಂಗೈಯಲ್ಲೇ ಒರೆಸತೊಡಗಿದ.

ಮಗಳು ಗೂಟನನ್ನು ಹುಡುಕಿದಳು. ಅವನು ನಿಲ್ಲುತ್ತಿದ್ದ ಜಾಗ ಖಾಲಿ.

ಚೀಟಿ ಬೀಳದಿದ್ದರೆ ಆ ನೂರು ಲಾಟು ಗಾಳಿಯಲ್ಲಿ ಹೋದ ಮಾತು. ಒಡತಿಗೆ "ಆಯ್ತು" ಅಂತ ಹೇಳಿಯಾಗಿದೆ. ಅಪ್ಪ ಅಷ್ಟನ್ನೂ ಈಗಿನ ಬೆಲೆಗೆ ತಗೊಂಡು ಆಗಿನ ಬೆಲೆಗೆ ಅವಳಿಗೆ ಕೊಡಬೇಕು. ಅಂಗಡಿ ಮನೆ ಎರಡೂ ಮಾರಿದರೂ ಸಾಲದು.

ಕಹಳೆಗೂ ಅದು ಹೊಳೆದಿತ್ತು. ಜನರನ್ನು ತಳ್ಳಿಕೊಂಡು ಗಂಟೆಯವರ ಎತ್ತರದ ಕುರ್ಚಿಯ ಹತ್ತಿರ ಬಂದ.

"ಗೂಟನ ಚೀಟಿ ಬಂತಾ?"

ಗಂಟೆಯವರು ಪೆಟ್ಟಿಗೆ ತಡಕಾಡಿ ತಲೆ ಅಲ್ಲಾಡಿಸಿದರು. "ಇಲ್ಲ ಕಹಳೆ. ನೋಡಿದವರು ಯಾರಾದರೂ ಇದ್ದಾರಾ?"

"ನನ್ನ ಮಗಳಿದ್ದಾಳೆ."

"ಮಗಳ ಸಾಕ್ಷಿ ನಡೆಯಲ್ಲ. ನಿಮಗೆ ಗೊತ್ತಿಲ್ಲದ್ದೇನಲ್ಲ. ಮಧ್ಯಾಹ್ನದ ಗಂಟೆ ಹೊಡೆಯೋವರೆಗೂ ಪೆಟ್ಟಿಗೆ ತೆಗೆದಿರುತ್ತೆ."

ಮಗಳು ಕಟಕಟೆಯಿಂದ ಬಗ್ಗಿ, "ಅಪ್ಪಾ, ನಾನು ಹೋಗಿ ಚಿಕ್ಕಪ್ಪನ್ನ ಕೇಳ್ಲಾ?" ಅಂದಳು.

"ಬೇಡ."

"ಒಂದು ಮಾತು ಅಪ್ಪ."

"ಬೇಡ ಅಂದೆ. ತಲೆ ಆಡಿಸಿದವನಿಗೆ ನೆನಪಿರುತ್ತೆ. ನೆನಪಿಲ್ಲ ಅಂದ್ರೆ ಕೇಳಿ ಏನು ಪ್ರಯೋಜನ?"

ಆದರೆ ಅವನ ಕೈ ಕಟಕಟೆಯ ಕಂಬಿಯನ್ನು ಬಿಗಿಹಿಡಿದಿತ್ತು.

ಆಗ ಅವಳ ಕಣ್ಣಿಗೆ ಗೂಟ ಬಿದ್ದ. ಗೋಡೆಯ ಉದ್ದಕ್ಕೂ ಇದ್ದ ಗಾಜಿನ ಟೆಲಿಫೋನು ಗೂಡುಗಳಲ್ಲಿ ಕೊನೆಯದರೊಳಗೆ ಬೆನ್ನು ಒರಗಿಸಿ ನಿಂತಿದ್ದ. ರಿಸೀವರು ಕಿವಿಯಲ್ಲಿತ್ತು, ಬಾಯಿ ಮುಚ್ಚಿತ್ತು. ಅತ್ತ ಕಡೆಯವರು ಕಿರುಚುತ್ತಿದ್ದಿರಬೇಕು, ಆಗಾಗ ರಿಸೀವರನ್ನು ಕಿವಿಯಿಂದ ದೂರ ಹಿಡಿಯುತ್ತಿದ್ದ. ಒಂದೇ ಒಂದು ಸಲ ಏನೋ ಹೇಳಿದ. ಮತ್ತೆ ಕೇಳಿಸಿಕೊಂಡ. ಕೊನೆಗೆ, ಮಲಗಿದ ಕೂಸನ್ನು ಇಳಿಸುವವನ ಹಾಗೆ ಮೆಲ್ಲಗೆ ರಿಸೀವರು ಇಟ್ಟ.

ಅವನು ಮಾರಿದ್ದು ಸಕ್ಕರೆ ಗಿರಣಿಯ ಮಾಲೀಕನ ಮಾತಿನ ಮೇಲೆ. ಬೆಂಕಿಯ ಸುದ್ದಿ ಕೇಳಿದ ಮಾಲೀಕ, "ನಾನು ಮಾರು ಅಂದೇ ಇಲ್ಲ, ಲೈನು ಸರಿ ಇರಲಿಲ್ಲ, ನೀನು ತಪ್ಪು ಕೇಳಿಸ್ಕೊಂಡೆ" ಅನ್ನುತ್ತಿದ್ದಾನೆ ಎಂದು ಅವಳಿಗೆ ಆಮೇಲೆ ತಿಳಿಯಿತು. ಆಗ ಕಂಡದ್ದು ಇಷ್ಟೇ: ಚಿಕ್ಕಪ್ಪ ಗೂಡಿನಿಂದ ಹೊರಗೆ ಬಂದಾಗ ಅವನ ಕಾಲರು ಬೆವರಿನಲ್ಲಿ ತೊಯ್ದಿತ್ತು. ಅವಳ ಮೇಜಿನ ಮುಂದೆಯೇ ಹಾದು ಹೋಗಬೇಕಿತ್ತು. ನಿಂತ.

"ಅಮ್ಮ ಹುಷಾರಾಗಿದ್ದಾರಾ?" ಅಂತ ಕೇಳಿದ.

ಅವಳಿಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. "ಹುಷಾರಾಗಿದ್ದಾರೆ ಚಿಕ್ಕಪ್ಪ" ಅಂದಳು.

ಅವನು ಅವಳ ಮೇಜಿನ ಮೇಲೆಯೇ ಚೀಟಿ ಇಟ್ಟು ಬರೆದ. ನೂರು ಲಾಟು, ಬೆಳಗಿನ ಬೆಲೆ, ಕೊಂಡವನು ಕಹಳೆ. ಸಹಿ ಹಾಕುವ ಮುನ್ನ ಪೆನ್ನು ಸ್ವಲ್ಪ ಹೊತ್ತು ಕಾಗದದ ಮೇಲೆಯೇ ನಿಂತಿತ್ತು. ಆಮೇಲೆ ನಡೆದುಹೋಗಿ ಪೆಟ್ಟಿಗೆಗೆ ಹಾಕಿದ. ಗಂಟೆ ಹೊಡೆಯಿತು.

ಕಹಳೆ ಕಂಬಿ ಬಿಟ್ಟು ಕಟಕಟೆಯ ಬುಡದಲ್ಲೇ ಕುಸಿದು ಕೂತ. ಮಗಳು ನೀರು ಕೊಟ್ಟಳು. ಕುಡಿಯಲಿಲ್ಲ, ತಲೆಗೆ ಸುರಿದುಕೊಂಡ.

ಊಟದ ಬಿಡುವಿನಲ್ಲಿ ಕಣದ ಹಿಂಭಾಗದ ಕಲ್ಲಿನ ಮೆಟ್ಟಿಲ ಮೇಲೆ ಗೂಟ ಒಬ್ಬನೇ ಕೂತಿದ್ದ. ಊಟದ ಡಬ್ಬಿ ಪಕ್ಕದಲ್ಲಿತ್ತು, ಮುಚ್ಚಳ ತೆಗೆದಿರಲಿಲ್ಲ. ಕಹಳೆ ಮಗಳನ್ನು ಕರೆದುಕೊಂಡು ಅಲ್ಲಿಗೆ ಹೋದ. ಎದುರಿಗೆ ನಿಂತು ಗಂಟಲು ಸರಿಮಾಡಿಕೊಂಡ. ವರ್ಷಗಳ ಮೇಲೆ ಮೊದಲ ಮಾತು.

"ಗಿರಣಿಯವನು ಒಲ್ಲೆ ಅಂದನಾ?"

ಗೂಟ ತಲೆ ಆಡಿಸಿದ.

"ಮತ್ತೆ ಚೀಟಿ ಯಾಕಪ್ಪಾ ಹಾಕಿದೆ? ನಿನ್ನ ಕೊರಳಿಗೆ ಬಂತಲ್ಲ!"

"ನಿನಗೆ ಕೊಟ್ಟೆ ಅಂದಿದ್ದೆ."

"ಎಲ್ಲಿ ಅಂದೆ? ತಲೆ ಆಡಿಸಿದೆ ಅಷ್ಟೆ."

"ಅದೇ."

ಕಹಳೆ ಪಕ್ಕದಲ್ಲಿ ಕೂತ. ಮಾರಿದ ಸಕ್ಕರೆ ಗೂಟನ ಹತ್ತಿರ ಇರಲಿಲ್ಲ. ಅಷ್ಟನ್ನೂ ಸಂಜೆಯ ಗಂಟೆಯೊಳಗೆ ಕಣದಲ್ಲೇ ಕೊಂಡು ಸರಿದೂಗಿಸಬೇಕು. ಉಳಿದರೆ ರಾತ್ರಿ ಬೆಳಗಾಗುವುದರೊಳಗೆ ಠೇವಣಿ ಕಟ್ಟಬೇಕು, ಕಟ್ಟಲಾಗದಿದ್ದರೆ ಕಣದಲ್ಲಿ ವ್ಯಾಪಾರ ಮಾಡುವ ಸದಸ್ಯತ್ವ ಹೋಗುತ್ತದೆ. ಕಷ್ಟ ಅಷ್ಟಕ್ಕೇ ಮುಗಿದಿರಲಿಲ್ಲ. ಗಿರಣಿ ಮಾಲೀಕ ಈಗ ಹದ್ದು ಅನ್ನುವ ದಲ್ಲಾಳಿಗೆ ಫೋನ್ ಮಾಡಿ, ಗೂಟ ಸಿಕ್ಕಿಹಾಕಿಕೊಂಡಿದ್ದಾನೆ, ಅವನಿಗಿಂತ ಮೊದಲು ತಗೋ ಅಂದಿದ್ದ. ಹದ್ದು ಪಕ್ಕದ ಫೋನಿನಲ್ಲಿ "ಗೂಟನಾ? ನಿಜವಾಗ್ಲೂ?" ಅಂತ ನಕ್ಕದ್ದು ಮಗಳ ಕಿವಿಗೆ ಬಿದ್ದಿತ್ತು. ಅವಳು ಅದನ್ನೂ ಹೇಳಿದಳು.

"ಎಷ್ಟು ತಗೋಬೇಕು ನೀನು?" ಕಹಳೆ ಕೇಳಿದ.

"ಎಲ್ಲಾ."

"ನೀನು ಬೆರಳು ಎತ್ತಿದ ತಕ್ಷಣ ಹದ್ದು ಮೇಲೆ ಬೀಳ್ತಾನೆ. ಹಾಗಾಗಿ ಕೇಳು. ನಾನು ಆ ಕಡೆ ನಿಂತು ಮಾರ್ತೀನಿ ಅಂತ ಕೂಗ್ತೀನಿ. ಬೆಳಿಗ್ಗೆ ತಗೊಂಡ ಕಹಳೆನೇ ಈಗ ಮಾರ್ತಿದ್ದಾನೆ ಅಂದ್ರೆ ಬೆಲೆ ಬೀಳುತ್ತೆ ಅಂತ ನಾಲ್ಕು ಜನ ಹೆದರ್ತಾರೆ. ಅವರೂ ಮಾರೋಕೆ ಬರ್ತಾರೆ. ಆಗ ನೀನು ತಗೋ. ಸದ್ದಿಲ್ಲದೆ, ನಿನಗೆ ಅಭ್ಯಾಸ ಇದೆಯಲ್ಲ."

ಗೂಟ ಅವನ ಮುಖ ನೋಡಿದ. "ಏನಿಟ್ಕೊಂಡು ಮಾರ್ತೀಯ?"

"ನನ್ನ ಸ್ವಂತಕ್ಕೆ ಮಾರ್ತೀನಿ, ಆಮೇಲೆ ತಗೊಂಡು ಸರಿಮಾಡ್ತೀನಿ. ಗಿರಾಕಿದು ಒಂದು ಕಾಳೂ ಮುಟ್ಟಲ್ಲ."

"ಬೆಲೆ ಏರಿದರೆ?"

"ಏರಿದರೆ ಇಬ್ಬರೂ ಒಂದೇ ಹಳ್ಳಕ್ಕೆ ಬೀಳೋಣ. ಅಕ್ಕತಂಗಿಯರಿಗೆ ಓಡಾಡೋಕೆ ಸಲೀಸಾಗುತ್ತೆ." ಮಗಳ ಕಡೆ ತಿರುಗಿದ. "ನೀನು ನಿಮ್ಮ ಚಿಕ್ಕಪ್ಪನ ಬೆರಳು ಎಣಿಸ್ತಾ ಇರು. ಇನ್ನೆಷ್ಟು ಉಳೀತು ಅಂತ ನನಗೆ ತೋರಿಸ್ತಾ ಇರು. ಫೋನ್ ಬಂದರೆ ಇದ್ದದ್ದು ಹೇಳು, ಈ ಮೆಟ್ಟಿಲ ಮೇಲಿನ ಮಾತು ಮಾತ್ರ ಹೇಳಬೇಡ."

ಮಧ್ಯಾಹ್ನದ ಕಣ ತೆರೆಯಿತು. ಹದ್ದು ಗೂಟನ ಎದುರಿಗೇ ಬಂದು ನಿಂತಿದ್ದ. ಯಾರೂ ಬಾಯಿ ತೆರೆಯುವ ಮೊದಲೇ ಮೂಲೆಯಿಂದ ಕಹಳೆಯ ದನಿ ಚಾವಣಿಗೆ ಬಡಿಯಿತು.

"ಮಾರ್ತೀನಿ! ಹತ್ತು ಲಾಟು ಮಾರ್ತೀನಿ!"

ತಲೆಗಳೆಲ್ಲ ಆ ಕಡೆ ತಿರುಗಿದವು. ಹದ್ದೂ ತಿರುಗಿದ. "ಬಿಸ್ಕತ್ತಿನವಳು ಕೈ ಬಿಡ್ತಿದ್ದಾಳೆ" ಅಂತ ಯಾರೋ ಅಂದರು. "ಬೆಂಕಿ ಆರಿರಬೇಕು" ಅಂತ ಇನ್ನೊಬ್ಬರು. ಕಹಳೆ ಮತ್ತೆ ಹತ್ತು ಮಾರಿದ, ಮತ್ತೆ ಹತ್ತು. ಬೆಳಿಗ್ಗೆ ಮೇಲಿನ ಬೆಲೆಗೆ ಕೊಂಡು ಬೆವರುತ್ತಿದ್ದವರು ಒಬ್ಬೊಬ್ಬರಾಗಿ ಮಾರಲು ಕೈ ಮುಂದೆ ಚಾಚಿದರು. ಹಲಗೆಯವನು ಆ ದಿನ ಮೊದಲ ಸಲ ಕೆಳಗಿನ ಅಂಕಿ ಬರೆದ.

ಗೂಟನ ಬೆರಳು ಎದೆಯ ಹತ್ತಿರ, ಕೋಟಿನ ಗುಂಡಿ ಮುಟ್ಟಿದಂತೆ ಎದ್ದು ಇಳಿಯಿತು. ಐದು. ಮತ್ತೆ ಐದು. ಪಕ್ಕದವನಿಂದ ಎಂಟು. ಮಗಳು ಕಣ್ಣು ಮಿಟುಕಿಸದೆ ಎಣಿಸುತ್ತ ಅಪ್ಪನಿಗೆ ಕೈ ತೋರಿಸುತ್ತಿದ್ದಳು. ಅರ್ಧ ಮುಗಿಯಿತು. ಅರ್ಧಕ್ಕಿಂತ ಹೆಚ್ಚು ಮುಗಿಯಿತು. ಆದರೆ ಅಪ್ಪ ಮಾರಿದ್ದೂ ಬೆಳೆಯುತ್ತಿತ್ತು, ಅದೂ ಇಲ್ಲದ ಸಕ್ಕರೆಯೇ. ಅವಳ ಎರಡೂ ಕೈಯಲ್ಲಿ ಎರಡು ಮನೆಗಳ ಲೆಕ್ಕವಿತ್ತು.

ಫೋನ್ ಬಂತು. ಬಿಸ್ಕತ್ ಕಾರ್ಖಾನೆಯ ಒಡತಿ.

"ನಿಮ್ಮಪ್ಪ ಮಾರ್ತಿದ್ದಾರಂತೆ. ನನ್ನದಾ?"

"ಇಲ್ಲ ಮೇಡಂ. ನಿಮ್ಮದು ಹಾಗೇ ಇದೆ."

"ಹಾಗಾದ್ರೆ ಯಾರದು?"

"ಅದನ್ನ ಹೇಳೋ ಹಾಗಿಲ್ಲ."

"ಹೋಗಲಿ. ನಾನೂ ಅರ್ಧ ಮಾರಿಬಿಡ್ಲಾ? ಈಗ ಮಾರಿ ಆಮೇಲೆ ಅಗ್ಗಕ್ಕೆ ತಗೋಬಹುದಾ? ನಿನಗೇನನ್ಸುತ್ತೆ?"

ಮಾರಿ ಅಂದರೆ ಸಾಕಿತ್ತು. ಒಡತಿಯ ಸಕ್ಕರೆ ಕಣಕ್ಕೆ ಬಂದರೆ ಬೆಲೆ ಧೊಪ್ಪನೆ ಬೀಳುತ್ತದೆ, ಅಪ್ಪ ಚಿಕ್ಕಪ್ಪ ಇಬ್ಬರೂ ದಡ ಸೇರುತ್ತಾರೆ. ಕಟಕಟೆಯಾಚೆ ಅಪ್ಪನ ಕೊರಳ ನರ ಉಬ್ಬಿ ನಿಂತಿದ್ದು ಕಾಣುತ್ತಿತ್ತು. ಆದರೆ ಬೆಂಕಿ ಆರಿದೆಯೋ ಇಲ್ಲವೋ ಅವಳಿಗೆ ಗೊತ್ತಿರಲಿಲ್ಲ. ಆ ಹೆಂಗಸಿಗೆ ಬೇಕಿದ್ದದ್ದು ವರ್ಷಪೂರ್ತಿ ಸಕ್ಕರೆ.

"ಮೇಡಂ, ಇವತ್ತು ನನ್ನನ್ನ ಕೇಳಬೇಡಿ. ಇದರಲ್ಲಿ ನಮ್ಮ ಮನೆಯವರದೂ ಸೇರಿಕೊಂಡಿದೆ. ನಾನು ಏನು ಹೇಳಿದರೂ ಅದು ನಿಮಗೋಸ್ಕರ ಹೇಳಿದ ಹಾಗಾಗಲ್ಲ."

ಅತ್ತ ಕಡೆ ಕಾಗದ ಮಗುಚಿದ ಸದ್ದು ಕೇಳಿತು.

"ಸರಿ. ನನ್ನದು ಹಾಗೇ ಇರಲಿ." ಫೋನ್ ಇಟ್ಟ ಸದ್ದಾಯಿತು.

ಅವಳು ಕಣದ ಕಡೆ ತಿರುಗುವಷ್ಟರಲ್ಲಿ ಗಾಳಿ ತಿರುಗಿತ್ತು. ಹದ್ದಿನ ಕಣ್ಣು ಗೂಟನ ಕೋಟಿನ ಗುಂಡಿಯ ಮೇಲೆ ಬಿದ್ದಿತ್ತು.

"ಎಲ್ಲರೂ ಈ ಕಡೆ ನೋಡ್ರೋ! ಗೂಟ ತಗೋತಿದ್ದಾನೆ! ಷಡ್ಡಕರು ಒಂದಾಗಿದ್ದಾರೆ! ಯಾರೂ ಮಾರಬೇಡಿ!"

ಚಾಚಿದ್ದ ಕೈಗಳೆಲ್ಲ ಫಕ್ಕನೆ ಹಿಂದಕ್ಕೆ ಸರಿದವು. ಬೆಲೆ ಮತ್ತೆ ಮೇಲೆ ಹತ್ತತೊಡಗಿತು. ಸಂಜೆಯ ಗಂಟೆಗೆ ಹೆಚ್ಚು ಹೊತ್ತಿರಲಿಲ್ಲ. ಗಂಟೆಯವರು ಆಗಲೇ ಹಗ್ಗಕ್ಕೆ ಕೈ ಹಾಕಿದ್ದರು. ಕಹಳೆ ಮಾರುವುದನ್ನು ನಿಲ್ಲಿಸಿ ತಾನು ಮಾರಿದ್ದನ್ನು ವಾಪಸ್ ಕೊಳ್ಳಲು ಹೊರಟ. "ತಗೊಂಡೆ" ಅನ್ನಲು ಬಾಯಿ ತೆರೆದ. ದನಿ ಹೊರಡಲಿಲ್ಲ. ಬಿರುಕು ಬಿಟ್ಟ ಕೊಳವೆಯಲ್ಲಿ ಗಾಳಿ ಊದಿದ ಹಾಗೆ ಬರೀ ಉಸ್ಸೆಂದಿತು. ಕೈ ಎತ್ತಿದ. ಅವನ ಕೈ ನೋಡಿ ವ್ಯಾಪಾರ ಮಾಡಿ ಯಾರಿಗೂ ಅಭ್ಯಾಸವಿರಲಿಲ್ಲ.

ಆಚೆ ಮೂಲೆಯ ಹಳೆಯ ವ್ಯಾಪಾರಿಯೊಬ್ಬ, ಹದ್ದಿನ ಮಾತಿಗೆ ಸೊಪ್ಪು ಹಾಕದವನು, "ಮೂವತ್ತು ಮಾರ್ತೀನಿ, ಯಾರಿಗೆ ಬೇಕು?" ಅಂದ. ಮಗಳು ಲೆಕ್ಕ ಹಾಕಿದಳು. ಅಪ್ಪ ಮಾರಿದ್ದರಲ್ಲಿ ವಾಪಸ್ ಕೊಳ್ಳಬೇಕಾದದ್ದು ಸರಿಯಾಗಿ ಮೂವತ್ತು. ಚಿಕ್ಕಪ್ಪನಿಗೂ ಹೆಚ್ಚುಕಡಿಮೆ ಅಷ್ಟೇ ಬಾಕಿ. ಇರುವುದು ಒಂದೇ ಮೂವತ್ತು. ಹದ್ದೂ ಅತ್ತ ನುಗ್ಗುತ್ತಿದ್ದ.

"ತಗೊಂಡೆ!"

ಯಾರ ದನಿ ಅಂತ ಕಣಕ್ಕೆ ಗೊತ್ತಾಗಲಿಲ್ಲ. ಅಂಥ ದನಿಯನ್ನು ಅಲ್ಲಿ ಯಾರೂ ಕೇಳಿರಲಿಲ್ಲ. ದಪ್ಪ, ಒರಟು, ಬಳಸದೆ ಇಟ್ಟ ಬಾಗಿಲು ತೆರೆದ ಹಾಗೆ. ಗೂಟ ತನ್ನ ಜಾಗ ಬಿಟ್ಟು ಎರಡು ಮೆಟ್ಟಿಲು ಇಳಿದಿದ್ದ.

"ಮೂವತ್ತೂ ತಗೊಂಡೆ! ಕಹಳೆಗೆ! ಕಹಳೆ ಲೆಕ್ಕಕ್ಕೆ!"

ಹಳೆಯ ವ್ಯಾಪಾರಿ ತಲೆ ಆಡಿಸಿದ. ಗಂಟೆ ಹೊಡೆಯಿತು.

ಕಹಳೆ ಜನರನ್ನು ಸೀಳಿಕೊಂಡು ಬಂದು ಷಡ್ಡಕನ ಕೋಟು ಹಿಡಿದು ಅಲ್ಲಾಡಿಸಿದ. ತುಟಿ ಆಡುತ್ತಿತ್ತು, ಮಾತು ಬರುತ್ತಿರಲಿಲ್ಲ. ಬೈಯುತ್ತಿದ್ದಾನೆ ಅಂತ ಮಾತ್ರ ನೋಡಿದವರಿಗೆಲ್ಲ ಗೊತ್ತಾಗುತ್ತಿತ್ತು. ಗೂಟ ಬೈಸಿಕೊಳ್ಳುತ್ತ ನಿಂತ.

ಮೂವರೂ ನಡೆದೇ ಚಿಕ್ಕಮ್ಮನ ಮನೆಗೆ ಹೋದರು. ಬಾಗಿಲು ತೆರೆದ ಚಿಕ್ಕಮ್ಮ ಗಂಡನನ್ನು ನೋಡಿದಳು, ಭಾವನನ್ನು ನೋಡಿದಳು, ಅಕ್ಕನ ಮಗಳ ಮುಖ ನೋಡಿದಳು. ಒಳಗಿನಿಂದ ಕಹಳೆಯ ಹೆಂಡತಿಯೂ ಬಂದಳು. ಅವಳು ಅಲ್ಲಿರುವುದು ಯಾರಿಗೂ ಗೊತ್ತಿರಬಾರದಿತ್ತು, ಆದರೆ ಅದನ್ನು ಈಗ ಕೇಳುವವರು ಯಾರು?

"ಏನ್ರೀ ಇದು, ಇಬ್ಬರೂ ಮೂಕಬಸವರ ಹಾಗೆ ನಿಂತಿದ್ದೀರಿ?" ಅಂದಳು ಚಿಕ್ಕಮ್ಮ.

"ಅಪ್ಪಂಗೆ ಗಂಟಲು ಹೋಗಿದೆ ಚಿಕ್ಕಮ್ಮ. ಚಿಕ್ಕಪ್ಪ ಇವತ್ತಿನ ಮಾತೆಲ್ಲ ಖರ್ಚು ಮಾಡ್ಕೊಂಡಿದ್ದಾರೆ."

ಚಿಕ್ಕಮ್ಮನಿಗೆ ನಗು ಬಂತು, ಆದರೆ ಗಂಡನ ಮುಖ ನೋಡಿ ಅದು ಅರ್ಧಕ್ಕೇ ನಿಂತಿತು. "ಹೇಳಿ" ಅಂದಳು.

"ಮೂವತ್ತು ಉಳೀತು" ಅಂದ ಗೂಟ. "ಸದಸ್ಯತ್ವ ಮಾರಬೇಕಾಗುತ್ತೆ. ಮನೆ ಉಳಿಯುತ್ತೆ."

ಚಿಕ್ಕಮ್ಮ ಕಣ್ಣು ತುಂಬಿ ಬಂದದ್ದನ್ನು ಸೆರಗಿಗೆ ಒರೆಸಿಕೊಂಡಳು. "ಕೈಕಾಲು ತೊಳ್ಕೊಳ್ಳಿ, ಅನ್ನ ಬಿಸಿ ಮಾಡ್ತೀನಿ. ಭಾವ, ನೀವು ಉಪ್ಪುನೀರು ಬಾಯಿ ಮುಕ್ಕಳಿಸಿ, ಆಮೇಲೆ ಬೈಯೋರಂತೆ" ಅಂದಳು.

ಬೆಂಕಿ ಮರುದಿನವೂ ಉರಿಯಿತು, ಬೆಲೆ ಇನ್ನೂ ಏರಿತು. ಗೂಟ ಹೇಳಿದ ಹಾಗೆ ಸದಸ್ಯತ್ವ ಹೋಯಿತು. ಅದನ್ನು ಕೊಂಡವನು ಹದ್ದು, ತನ್ನ ತಮ್ಮನಿಗೆ ಅಂತ. ಕಹಳೆಗೆ ಅದನ್ನು ನೋಡಲಾಗದೆ ಎರಡು ದಿನ ಕಣಕ್ಕೆ ಹೋಗಲಿಲ್ಲ. ಗಿರಣಿ ಮಾಲೀಕನಿಗೆ ಮಾತ್ರ ಆಮೇಲೆ ಆ ಕಣದಲ್ಲಿ ಫೋನಿನ ವ್ಯಾಪಾರ ನಡೆಯಲಿಲ್ಲ. ಯಾವ ದಲ್ಲಾಳಿಯ ಹತ್ತಿರ ಹೋದರೂ, "ಬರೆದು ಸಹಿ ಮಾಡಿ ಕಳಿಸಿ ಸ್ವಾಮಿ" ಅನ್ನುತ್ತಿದ್ದರು, ಹದ್ದೂ ಸಹ.

ಕಹಳೆಯ ದನಿ ಮೊದಲಿನ ಹಾಗೆ ಮರಳಲಿಲ್ಲ. ವೈದ್ಯರು ಬೆಳಕು ಹಾಕಿ ಗಂಟಲು ನೋಡಿ, ಇನ್ನು ಕೂಗಿದರೆ ಮಾತೇ ನಿಲ್ಲುತ್ತದೆ ಅಂದರು. ಅಂಗಡಿಯ ನಡುವಿನ ಹಲಗೆ ಗೋಡೆ ಕಿತ್ತದ್ದು ಗೂಟ. ಆದರೆ ಕಿತ್ತ ಹಲಗೆಗಳನ್ನು ಎಲ್ಲಿ ಇಡಬೇಕು ಅನ್ನುವುದಕ್ಕೆ ಷಡ್ಡಕರಿಗೆ ಜಗಳವಾಯಿತು. ಒಬ್ಬ ಪಿಸುಗುಟ್ಟುತ್ತ, ಇನ್ನೊಬ್ಬ ಕೈ ಬೀಸುತ್ತ ಆಡಿದ ಆ ಜಗಳ ಇಡೀ ಮಧ್ಯಾಹ್ನ ನಡೆಯಿತು. ಮಗಳು ಅಂಗಡಿಯ ಫೋನಿನಲ್ಲಿ ಬಿಸ್ಕತ್ ಕಾರ್ಖಾನೆಯ ಒಡತಿಗೆ, "ಒಂದು ನಿಮಿಷ ತಡೀರಿ ಮೇಡಂ, ಇಲ್ಲಿ ಸ್ವಲ್ಪ ಗಲಾಟೆ ಇದೆ" ಅಂದಳು.